ಬ್ರೆಂಕೆಲ್ ಸಾಹೇಬರ ಸರ್ಟಿಫಿಕೇಟು

ನಾಜಿ ಅಧಿಕಾರಿ ಬ್ರೆಂಕೆಲ್ ಸಾಹೇಬರಿಗೆ ಕಲೆಯೆಂದರೆ ಪ್ರಾಣ. ಅದಕ್ಕೇ ಇರಬೇಕು, ದೇಶ ಬಿಟ್ಟು ಓಡಿದ ಕಲಾವಿದರ ಪ್ರಾಣ ತೆಗೆಯುವ ಕೆಲಸವನ್ನು ಅವರಿಗೇ ವಹಿಸಿದ್ದರು.

ಹುಡುಕುತ್ತ ಹುಡುಕುತ್ತ ಅವರು ಫ್ರಾನ್ಸಿನ ಮಾರ್ಸೇಲ್ ಬಂದರಿನ ಒಂದು ಬಡ ಹೋಟೆಲಿಗೆ ನುಗ್ಗಿದರು.

"ಸುಳ್ಳು ಹೆಸರಲ್ಲಿ ಇಲ್ಲೊಬ್ಬ ಕಲಾವಿದ ಅಡಗಿದ್ದಾನೆ. ಎಲ್ಲಿ ಅವನು?"

ಕಸ ಗುಡಿಸುತ್ತಿದ್ದ ಹೋಟೆಲಿನ ಕೆಲಸದಾಕೆ ಕ್ಲೊತಿಲ್ದ ತಲೆಯೆತ್ತಿ ನೋಡಿದಳು. ಪೊರಕೆ ಮಾತ್ರ ನಿಲ್ಲಲಿಲ್ಲ. ಕಲಾವಿದ ಅಲ್ಲೇ ಇದ್ದ. ಕೈತುಂಬ ಬಣ್ಣ, ಮೈತುಂಬ ಬೆವರು. ಪಕ್ಕದಲ್ಲಿ ಅವನೇ ಬರೆದ ಚಿತ್ರ: ಹಸಿರು ಮುಖದ, ಮೂರು ಕಣ್ಣಿನ ಹೆಂಗಸು.

"ಇವನು ಗೋಡೆಗೆ ಸುಣ್ಣ ಬಳಿಯೋನು ಸಾಹೇಬ್ರೇ," ಎಂದಳು ಕ್ಲೊತಿಲ್ದ. " ನಾಳೆ ಕೂಲಿಗೆ ಸ್ಪೇನಿಗೆ ಹೊರಟಿದ್ದಾನೆ. ಬಿಡುವಾದಾಗ ಇಂಥದ್ದು ಗೀಚ್ತಾನೆ. ಇದು ಕಲೆಯೋ ಏನೋ, ಬಲ್ಲವರು ನೀವೇ ಹೇಳ್ಬೇಕು."

ಸಾಹೇಬರು ಕನ್ನಡಕ ಏರಿಸಿದರು. "ಇದು ಕಲೆಯೇ? ನನ್ನ ಕುದುರೆ ಬಾಲದಲ್ಲಿ ಇದಕ್ಕಿಂತ ಚೆನ್ನಾಗಿ ಬರೆದೀತು! ಇವನು ಕಲಾವಿದನೇ ಅಲ್ಲ!"

"ಅಷ್ಟನ್ನೇ ಬರೆದುಕೊಡಿ. ನಿಮ್ಮಷ್ಟು ಜ್ಞಾನ ಗಡಿ ಪೊಲೀಸರಿಗೆಲ್ಲಿ? ಕಲಾವಿದ ಅಂತ ಹಿಡಿದುಬಿಟ್ಟಾರು, ಪಾಪ."

ಉಬ್ಬಿಹೋದ ಸಾಹೇಬರು ಬರೆದು, ಸಹಿ ಹಾಕಿ, ಮೊಹರನ್ನೂ ಒತ್ತಿದರು.

ಅವರ ಬೂಟಿನ ಸದ್ದು ಮೆಟ್ಟಿಲಿಳಿದ ಮೇಲೆ ಕಲಾವಿದ ಮುಖ ಸಣ್ಣಗೆ ಮಾಡಿಕೊಂಡು ಕೇಳಿದ: "ನಿಜ ಹೇಳಮ್ಮ, ಚಿತ್ರ ಅಷ್ಟು ಕೆಟ್ಟದಾಗಿದೆಯಾ?"

"ಗಡಿ ದಾಟೋವರೆಗೂ ಕೆಟ್ಟದ್ದೇ ಸ್ವಾಮಿ," ಎಂದು ಕ್ಲೊತಿಲ್ದ ಕಾಗದವನ್ನು ಅವನ ಜೇಬಿಗೆ ತುರುಕಿದಳು. "ಆಮೇಲೆ ಬೇಕಾದಷ್ಟು ಚೆನ್ನಾಗಿರಲಿ."