ತಿಪ್ಪೆಯಿಂದ ಎತ್ತಿಕೊಂಡ ಹೆಸರು

ಕರಿಕಟ್ಟಿ ಮಠದ ಪೂಜ್ಯ ನಿರ್ವಾಣಜ್ಜನವರು ಗದ್ದುಗೆಯ ಮೇಲೆ ಕುಳಿತದ್ದಕ್ಕಿಂತ ದನದ ಕೊಟ್ಟಿಗೆಯಲ್ಲಿ ನಿಂತದ್ದೇ ಹೆಚ್ಚು. ಅಂಥವರು ಹತ್ತೂರು ಹುಡುಕಿದರೂ ಸಿಗುವುದಿಲ್ಲ. ನಮ್ಮೂರಿಗೆ ಸಿಕ್ಕಿದ್ದರು, ಅದು ನಮ್ಮೂರ ಗತ್ತು! ಮಠದ ಅಂಗಳದಲ್ಲಿ ಲಗ್ನ ನಡೆದಿದ್ದ ಆ ದಿನವೂ ಅವರು ಸೆಗಣಿ ಬಾಚಿ, ಬುಟ್ಟಿ ತುಂಬಿ ತಿಪ್ಪೆಗೆ ಸುರಿಯುತ್ತಿದ್ದರು.

ವರನ ತಂದೆ ಚನ್ನಬಸನಗೌಡ ಚಪ್ಪರದಿಂದ ಬೆಂಕಿಯಾಗಿ ಎದ್ದು ಬಂದ. ಅಕ್ಷತೆಗೆ ಮೊದಲು ಐನೋರು ವಧುವಿನ ಹೆಸರು ಕೂಗಿದಾಗ ಅವನ ಕಡೆಯ ನೆಂಟರೇ ನಕ್ಕಿದ್ದರು: "ಗೌಡರ ಸೊಸಿ ತಿಪ್ಪವ್ವ ಅಂತ! ಗೊಬ್ಬರಾನೂ ಬಳುವಳಿ ಕೊಟ್ಟಾರೇನು?"

"ಅಜ್ಜಾರ, ಈ ಹೆಸರು ತೆಗೀರಿ. ಕನಕಲಕ್ಷ್ಮಿ ಅಂತ ಇಡ್ರಿ. ಇಲ್ಲಂದ್ರ ಮಗನ್ನ ಎಬ್ಬಿಸಿಕೊಂಡು ಹೋಗ್ತೇನಿ!"

ಹಿಂದೆಯೇ ಓಡಿಬಂದ ಹೆಣ್ಣಿನ ತಾಯಿ ಈರವ್ವ ಸೆರಗು ಸೊಂಟಕ್ಕೆ ಸಿಕ್ಕಿಸಿದಳು.

"ಗೌಡ್ರ, ಶೋಕಿಗೆ ಇಟ್ಟ ಹೆಸರಲ್ರಿ ಇದು. ಮುತ್ತವ್ವ, ರತ್ನವ್ವ ಅಂತ ಚಂದ ಚಂದ ಹೆಸರಿಟ್ಟ ಕೂಸುಗಳನ್ನೆಲ್ಲ ಮಣ್ಣಿಗೆ ಕೊಟ್ಟೆ. ಇಕಿ ಹುಟ್ಟಿದ ಮ್ಯಾಲೆ ನಾನಽ ಕೈಯಾರೆ ಒಯ್ದು ಈ ತಿಪ್ಪಿ ಮ್ಯಾಲೆ ಹಾಕಿದೆ. 'ಇದು ಕಸ, ಬಿಡು ಇದನ್ನ' ಅಂತ ಸಾವಿಗೆ ಕೇಳೂಹಂಗ ಕೂಗಿದೆ. ಅಜ್ಜಾರು ಎತ್ತಿಕೊಂಡು ತಿಪ್ಪವ್ವ ಅಂತ ಹೆಸರಿಟ್ರು. ಅವರಿಗೆ ಮೊರದ ತುಂಬ ನುಚ್ಚು ಕೊಟ್ಟು ನನ್ನ ಕೂಸನ್ನ ನಾನಽ ಕೊಂಡೆ. ತಿಪ್ಪವ್ವ ಅಂದ್ರ ಹೊಲಸಲ್ರಿ, ಉಳಿದಾಕಿ!"

"ಗೊಡ್ಡು ಕತಿ!" ಗೌಡ ಗುಡುಗಿದ.

ಪೂಜ್ಯರು ಬುಟ್ಟಿ ಕೆಳಗಿಟ್ಟರು. ಶಾಂತಮೂರ್ತಿಗಳ ಕಣ್ಣುಗಳು ಅಂದು ಕೆಂಪಾಗಿದ್ದವು.

"ತಿಪ್ಪಿ ಕೊಟ್ಟ ಹೆಸರು ತಿಪ್ಪಿಗೇ ತಿರುಗಿ ಕೊಡಬೇಕು, ಗೌಡಾ. ಹುಡುಗಿನ್ನ ಅದರ ಮ್ಯಾಲೆ ನಿಲ್ಲಸು. ಎತ್ತಿಕೊಂಡವರಽ ಹೆಸರಿಡಬೇಕು. ನೀನಽ ಎತ್ತಿಕೋ."

ಮಾತು ಕೇಳಿದ ತಿಪ್ಪವ್ವ ಬಾಸಿಂಗ ಸಮೇತ ದಡದಡನೆ ಬಂದು, ಮದುವೆ ಸೀರೆಯಲ್ಲೇ ತಿಪ್ಪೆ ಏರಿದಳು.

"ಬರ್ರಿ ಮಾವಾರ! ಹೆಸರು ಬ್ಯಾಡಾದ್ರ ನಾನೂ ಬ್ಯಾಡ. ಇಲ್ಲೇ ಇರ್ತೇನಿ!"

ಗೌಡ ಜರಿ ಧೋತರ ಮೇಲೆತ್ತಿ ಕಾಲಿಟ್ಟ. ಮೊಣಕಾಲುಮಟ ಹೂತ. ಮೇಲೆ ಹುಡುಗಿ ಸೊಂಟಕ್ಕೆ ಕೈಯಿಟ್ಟು ನಿಂತಿದ್ದಳು. ಕೆಳಗೆ ಈರವ್ವ ಸೆರಗು ಕಚ್ಚಿಕೊಂಡು, ಎತ್ತುತ್ತಾನೋ ಬಿಟ್ಟುಹೋಗುತ್ತಾನೋ ಎಂದು ಅವನ ಕೈಗಳನ್ನೇ ನೋಡುತ್ತಿದ್ದಳು. ಅವಳತ್ತ ತಿರುಗಿದ ಅವನಿಗೆ, ಕೂಸನ್ನು ಹಾಕಿದ ದಿನವೂ ಹೀಗೇ ನಿಂತಿದ್ದಳೇನೋ ಅನ್ನಿಸಿತು. ಗೌಡನ ಸಿಟ್ಟು ತಿರುಗಿ ಅವನನ್ನೇ ಕಚ್ಚಿತು. ಎರಡೂ ಕೈ ಚಾಚಿದ.

"ಇಳಿದು ಬಾ, ನನ್ನವ್ವ," ಎಂದು ಅವಳನ್ನು ಎತ್ತಿ ಕೆಳಗಿಳಿಸಿದ.

"ಹೆಸರು?" ಪೂಜ್ಯರು ಕೇಳಿದರು.

ಗೌಡ ಚಪ್ಪರದ ಕಡೆ ತಿರುಗಿ ಗಂಟಲು ಹರಿಯುವಂತೆ ಕೂಗಿದ: "ತಿಪ್ಪವ್ವ! ನಗಾವ್ರು ಈಗ ನಗ್ರಿ!"

ಯಾರೂ ನಗಲಿಲ್ಲ. ಸೆಗಣಿಗಾಲಲ್ಲೇ ನಿಂತು ಅವನು ಅಕ್ಷತೆ ಹಾಕಿದ. ಊಟಕ್ಕೆ ಎಲೆ ಹಾಸುವ ಹೊತ್ತಿಗೆ ಪೂಜ್ಯರು ತುಂಬಿದ ಬುಟ್ಟಿ ಎತ್ತಲು ಬಾಗಿದರು. ಅದರ ಇನ್ನೊಂದು ಅಂಚಿಗೆ ಆಗಲೇ ಗೌಡನ ಕೈ ಬಿದ್ದಿತ್ತು.