ಒಕ್ಕಣ್ಣ ಸೂರ್ಯನ ದಿಬ್ಬ

ಮಿಸಿಸಿಪಿ ನದಿಯ ಪೂರ್ವ ದಂಡೆಯಲ್ಲಿ, ಕಾಡುದ್ರಾಕ್ಷಿಯ ಬಳ್ಳಿ ಹಬ್ಬಿದ ಒಂದು ದಿಬ್ಬವಿದೆ. ಅದರ ನೆತ್ತಿಯ ಮೇಲೆ ಸುಣ್ಣಕಲ್ಲಿನ ಕಂಬವೊಂದು ಒಂಟಿಯಾಗಿ ನಿಂತಿದೆ. ಸುತ್ತ ಗೋಡೆಯಿಲ್ಲ, ಮೇಲೆ ಚಾವಣಿಯಿಲ್ಲ. ಕಂಬದ ತಲೆಯಲ್ಲಿ ಮನುಷ್ಯನ ಮುಖವುಳ್ಳ ಸೂರ್ಯನಿದ್ದಾನೆ. ಅವನ ಬಲಗಣ್ಣು ತೆರೆದಿದೆ, ಎಡಗಣ್ಣು ಮುಚ್ಚಿದೆ. ಈ ಜಾಗವನ್ನು ಒಕ್ಕಣ್ಣ ಸೂರ್ಯನ ದಿಬ್ಬ ಎನ್ನುತ್ತಾರೆ. ದಿಬ್ಬದ ಕೆಳಗೆ ಹಾಯುವಾಗ ದೋಣಿಯವರು ಮಾತು ನಿಲ್ಲಿಸುತ್ತಾರಂತೆ.

ಹಿಂದೆ ಒಮ್ಮೆ, ಸುಮಾರು ನೂರೆಂಬತ್ತು ವರ್ಷಗಳ ಕೆಳಗೆ, ಮಾರ್ಮನ್ ಎಂಬ ಹೊಸ ಪಂಥದ ಜನ ಬೇರೆ ಸೀಮೆಯಿಂದ ಅಟ್ಟಿಸಿಕೊಂಡು ಬಂದು ಇಲ್ಲಿ ನೆಲೆ ನಿಂತರು. ತಮಗೇ ನೆಟ್ಟಗೆ ಸೂರಿಲ್ಲದಿದ್ದರೂ ದೇವಾಲಯಕ್ಕೆ ಅಡಿಪಾಯ ಹಾಕಿದರು. ಅವರಲ್ಲಿ ಅಮೋಸ್ ಹಾಲ್ಡನ್ ಎಂಬ ಕಲ್ಲುಕುಟಿಗನಿದ್ದ. ಪಂಥ ಸೇರಿ, ಹೆಂಡತಿ ತಬಿತಾಳೊಂದಿಗೆ ಇಂಗ್ಲೆಂಡಿನಿಂದ ಹಡಗು ಹತ್ತಿ ಬಂದವನು. ಅವನು ಕೆತ್ತುತ್ತಿದ್ದ ಪ್ರತಿ ಕಂಬದ ಬುಡದಲ್ಲಿ ಚಂದ್ರ, ತಲೆಯಲ್ಲಿ ಸೂರ್ಯ, ಅದಕ್ಕೂ ಮೇಲೆ ನಕ್ಷತ್ರ. ಬೈಬಲಿನ ಕೊನೆಯ ಪುಸ್ತಕದಲ್ಲಿ ಹಾಗೊಬ್ಬ ಸ್ತ್ರೀ ಬರುತ್ತಾಳೆ: ಕಾಲಡಿ ಚಂದ್ರ, ಮೈಗೆ ಸೂರ್ಯನೇ ಉಡುಗೆ, ತಲೆಗೆ ನಕ್ಷತ್ರಗಳ ಕಿರೀಟ. ಗುಡಿಯ ಒಂದೊಂದು ಕಂಬವೂ ಆ ಸ್ತ್ರೀಯೇ ಎಂದು ಅಮೋಸ್ ನಂಬಿದ್ದ.

ಗೋಡೆಗಳು ಏಳುತ್ತಿದ್ದಂತೆ ಸುತ್ತಲಿನವರ ದ್ವೇಷವೂ ಏರಿತು. ಊರಾಚೆಯ ಹೊಲಮನೆಗಳಿಗೆ ಬೆಂಕಿ ಬಿತ್ತು. ಚಳಿ ಮುಗಿಯುವುದರೊಳಗೆ ಜಾಗ ಖಾಲಿ ಮಾಡಿ, ಇಲ್ಲವಾದರೆ ಹೆಣ ಎಣಿಸಿಕೊಳ್ಳಿ ಎಂದು ಹೇಳಿಕಳಿಸಿದರು. ಹಿರಿಯರು ಹೊರಡಲು ಒಪ್ಪಿದರು. ಆದರೆ ದೇವರಿಗೆ ಕೊಟ್ಟ ಮಾತು ಉಳಿಯಬೇಕು, ಗುಡಿ ಮುಗಿಯಲೇಬೇಕು ಎಂದರು. ಬಿಟ್ಟುಹೋಗುವ ಗುಡಿಗೆ ಅಮೋಸ್ ಹಗಲೆಲ್ಲ ಉಳಿ ಹೊಡೆದ. ಕೊನೆಗೆ ಪಡುವಣ ಸಾಲಿನ ಒಬ್ಬ ಸೂರ್ಯ ಮಾತ್ರ ಉಳಿದ. ಅವನ ನೋಟ ನದಿಯ ಮೇಲೆ ನೇರವಾಗಿ ಬೀಳಬೇಕೆಂದು, ಕಲ್ಲನ್ನು ಮೇಲೇರಿಸಿದ ಬಳಿಕ ಕಣ್ಣು ಬಿಡಿಸುವುದೆಂದು ನಿಶ್ಚಯವಾಗಿತ್ತು.

ಫೆಬ್ರವರಿಯಲ್ಲಿ ನದಿ ಹೆಪ್ಪುಗಟ್ಟಿತು. ದೇವರೇ ದಾರಿ ಹಾಸಿದ ಎಂದು ಜನ ಗಾಡಿ ಹೂಡಿದರು. ತಬಿತಾ ಬುತ್ತಿ ಹಿಡಿದು, ಕಂಬಕ್ಕೆ ಕಟ್ಟಿದ ಅಟ್ಟಣಿಗೆಯ ಕೆಳಗೆ ಬಂದಳು.

"ನಾಳೆ ನದಿ ದಾಟುವ ಸರದಿ ನಮ್ಮ ಗಾಡಿಸಾಲಿನದು. ನೀನೂ ಬಾ."

"ಎರಡು ಕಣ್ಣು ಉಳಿದಿವೆ. ಮುಗಿಸಿ, ನಾಳೆ ಸಂಜೆಯೊಳಗೆ ಆಚೆ ದಡಕ್ಕೆ ಬರುತ್ತೇನೆ."

ತಬಿತಾ ಕಂಬವನ್ನು ಬುಡದಿಂದ ತುದಿಯವರೆಗೆ ನೋಡಿದಳು. "ನಿನ್ನ ಕಂಬದ ಆ ಹೆಂಗಸು ಕೊನೆಗೆ ಎಲ್ಲಿ ಹೋದಳು?"

"ಅಡವಿಗೆ," ಎಂದ ಅಮೋಸ್. "ದೇವರು ಅಲ್ಲಿ ಅವಳಿಗೆ ಜಾಗ ಮಾಡಿಟ್ಟಿದ್ದ."

"ಒಬ್ಬಳೇ ಹೋದಳು," ಎಂದು ಬುತ್ತಿ ಕೆಳಗಿಟ್ಟು ಅವಳು ನಡೆದಳು.

ಮರುದಿನ ಮಧ್ಯಾಹ್ನದ ಹೊತ್ತಿಗೆ ಬಲಗಣ್ಣು ಮುಗಿದಿತ್ತು. ಕಲ್ಲಿನ ಪುಡಿ ಊದಿ, ಅದರ ನೋಟ ಎಲ್ಲಿ ಬೀಳುತ್ತದೆಂದು ಅಮೋಸ್ ತಿರುಗಿ ನೋಡಿದ. ನಡುನದಿಯಲ್ಲಿ ತನ್ನದೇ ಗಾಡಿ, ಕೆಂಚು ಎತ್ತುಗಳು, ತಬಿತಾಳ ನೀಲಿ ಶಾಲು ಕಂಡವು. ಬಂದೂಕು ಹಾರಿದಂಥ ಸದ್ದಾಯಿತು. ಹಗೆಗಳು ಬಂದರೆಂದೇ ಅವನು ಭಾವಿಸಿದ. ಅಷ್ಟರಲ್ಲಿ ಮಂಜುಗಡ್ಡೆ ಬಾಯಿಬಿಟ್ಟಿತು. ಅವನು ಕೆಳಗಿಳಿದು ದಡ ಮುಟ್ಟುವ ವೇಳೆಗೆ ಗಾಡಿ ಇದ್ದಲ್ಲಿ ಕಪ್ಪು ನೀರಿನ ಮೇಲೆ ಮಂಜುಗಡ್ಡೆಯ ಚಪ್ಪಡಿಗಳು ಒಂದಕ್ಕೊಂದು ತಾಗುತ್ತಿದ್ದವು.

ಮೂರು ದಿನ ಹುಡುಕಿದ. ನಾಲ್ಕನೆಯ ದಿನ ಮತ್ತೆ ಅಟ್ಟಣಿಗೆ ಹತ್ತಿದ. ಕಟ್ಟಡದ ಮೇಲ್ವಿಚಾರಕ ಕ್ರೇನ್, "ಸೋದರ ಹಾಲ್ಡನ್, ಅದು ಹಾಗೇ ಇರಲಿ, ಇಳಿದು ಬಾ," ಎಂದ. ಅಮೋಸ್ ಇಳಿಯಲಿಲ್ಲ. ಸಂಜೆ ಕ್ರೇನ್ ತಲೆಯೆತ್ತಿ ನೋಡಿದಾಗ ಸೂರ್ಯನ ಎಡಗಣ್ಣಿನ ರೆಪ್ಪೆ ಮುಚ್ಚಿತ್ತು.

"ನಕ್ಷೆಯಲ್ಲಿ ಹೀಗಿರಲಿಲ್ಲ."

"ಒಂದು ಕಣ್ಣು ನೋಡಿಬಿಟ್ಟಿದೆ," ಎಂದ ಅಮೋಸ್. "ಇನ್ನೊಂದಾದರೂ ನೋಡದಿರಲಿ."

ಉಳಿ ಸುತ್ತಿಗೆಗಳನ್ನು ಅಲ್ಲೇ ಬಿಟ್ಟು ಅವನು ಪಡುವಣಕ್ಕೆ ಹೋದ. ಮುಂದೆ ಅವನನ್ನು ಕಂಡವರಿಲ್ಲ. ಎರಡು ವರ್ಷದಲ್ಲಿ ಯಾರೋ ಗುಡಿಗೆ ಬೆಂಕಿಯಿಟ್ಟರು; ಉಳಿದ ಗೋಡೆಗಳನ್ನು ಬಿರುಗಾಳಿ ಕೆಡವಿತು. ಬಿದ್ದ ಕಲ್ಲನ್ನು ಜನ ಮನೆ ಕಟ್ಟಲು ಹೊತ್ತೊಯ್ದರು. ಈ ಕಂಬಕ್ಕೆ ಹಾರೆ ಹಾಕಿದವನು ಅದೇ ಬೇಸಿಗೆ, ಮೊಣಕಾಲುದ್ದದ ನೀರಿನಲ್ಲಿ ಮುಳುಗಿ ಸತ್ತ ಎನ್ನುತ್ತಾರೆ. ಆಮೇಲೆ ಯಾರೂ ಅದನ್ನು ಮುಟ್ಟಲಿಲ್ಲ.

ಈಗಲೂ ನೋಡಲು ಬಂದವರು ಕಂಬಕ್ಕೆ ಬೆನ್ನು ಕೊಟ್ಟು, ತೆರೆದ ಕಣ್ಣಿನ ನೇರಕ್ಕೆ ನಿಲ್ಲುತ್ತಾರೆ. ಕಾಣುವುದು ನದಿಯ ನಟ್ಟನಡುವಿನ ಒಂದು ಜಾಗ. ಅಲ್ಲಿ ಏನೂ ಇಲ್ಲ, ನೀರು ಹರಿಯುತ್ತಿರುತ್ತದೆ. ಹೆಚ್ಚು ಹೊತ್ತು ಯಾರೂ ನಿಲ್ಲುವುದಿಲ್ಲ.