ಹೊಳೆಯೇ ಗಡಿ

ಅದು ಅಕ್ಟೋಬರ್ ತಿಂಗಳ ಕೊನೆಯ ವಾರ. ಇಂಗ್ಲೆಂಡಿನ ಹಳ್ಳಿಗಾಡಿನ ಒಂದು ಕಾಡಿನಲ್ಲಿ ಸಣ್ಣ ಹೊಳೆಯೊಂದು ಕುದುರೆಲಾಳದಂತೆ ಬಳಸಿಕೊಂಡು ಹರಿಯುತ್ತಿತ್ತು. ಲಾಳದ ಒಳಗಿನ ಹುಲ್ಲುಗಾವಲು ನರಿಯದು. ಲಾಳದ ಹೊರಗೆ, ಎತ್ತರದ ದಡದಲ್ಲಿ, ಐದು ಮರಿಗಳ ತಾಯಿಮೊಲದ ಬಿಲವಿತ್ತು.

ತಿರುವಿನಲ್ಲಿ ನೀರು ಹೊರದಡವನ್ನು ಕೊರೆಯುತ್ತದೆ, ಒಳದಡಕ್ಕೆ ಮಣ್ಣು ತಂದು ಹಾಕುತ್ತದೆ. ನರಿಗೆ ಇದು ಗೊತ್ತಿತ್ತು. ಅದಕ್ಕೇ ಹಿಂದಿನ ವರ್ಷ ನಯವಾಗಿ ಒಂದು ಒಪ್ಪಂದ ಮಾಡಿಕೊಂಡಿತ್ತು: ಹೊಳೆಯೇ ಗಡಿ, ಯಾರೂ ದಾಟಬಾರದು. ಮರಿಗಳಿಗೆ ನರಿಯ ಕಾಟ ತಪ್ಪಿತೆಂದು ಮೊಲ ಒಪ್ಪಿತ್ತು. ಈಗ ದಡ ಕುಸಿದು ಕುಸಿದು, ನೀರಿಗೂ ಬಿಲಕ್ಕೂ ನಡುವೆ ಎರಡೇ ನೆಗೆತ ಉಳಿದಿತ್ತು. ಬಿಲದ ಹಿಂದೆ ಬರೀ ಬಂಡೆ. ಬೇರೆ ಬಿಲ ತೋಡಲು ಜಾಗವಿರಲಿಲ್ಲ.

"ನರಿಯಣ್ಣ, ಹೋದ ವರ್ಷ ನನ್ನದಾಗಿದ್ದ ನೆಲ ಈಗ ನಿನ್ನ ಕಡೆ ಸೇರಿದೆಯಲ್ಲ?" ಎಂದು ಮೊಲ ಕೂಗಿ ಕೇಳಿತು.

ನರಿ ಬಿಸಿಲಿಗೆ ಹೊಟ್ಟೆಯೊಡ್ಡಿ ಮಲಗಿತ್ತು. "ಹೊಳೆ ಸರಿದರೆ ನಾನೇನು ಮಾಡಲಿ, ಮೊಲಕ್ಕ? ನಾನೇನು ಅದನ್ನು ತಳ್ಳಿದೆನೇ?"

ಮೊಲ ಜಗಳವಾಡಲಿಲ್ಲ. ದಡದುದ್ದಕ್ಕೂ ನಡೆದು, ಆಚೆ ದಡವನ್ನು ನೋಡಿತು. ಲಾಳದ ಎರಡು ತುದಿಗಳ ನಡುವಿನ ನೆಲವನ್ನೂ ನೀರು ಎರಡೂ ಕಡೆಯಿಂದ ಕೊರೆದಿತ್ತು. ಅಲ್ಲಿ ಒಂದು ಸಪೂರ ಪಟ್ಟಿ ಮಾತ್ರ ಉಳಿದಿತ್ತು. ಮೊಲ ಹೋಗಿ, ಹೊಳೆಗೆಲ್ಲ ಹಿರಿಯನಾದ ನೀರುನಾಯಿಯನ್ನು ಕರೆತಂದಿತು.

"ಅಜ್ಜ, ನೀವೇ ಸಾಕ್ಷಿ. ನರಿಯಣ್ಣ, ಹೊಳೆ ಎಲ್ಲಿ ಹರಿದರೂ ಅದೇ ಗಡಿ ತಾನೆ?"

"ಎಲ್ಲಿ ಹರಿದರೂ!" ನರಿ ನಕ್ಕಿತು. "ಬೇಕಾದರೆ ಮೂರು ಸಲ ಹೇಳಲೇ?"

"ಹೇಳು" ಎಂದಿತು ನೀರುನಾಯಿ. ನರಿ ಹೇಳಿತು.

ಚಳಿಗಾಲದಲ್ಲಿ ಐದು ದಿನ ಎಡೆಬಿಡದೆ ಮಳೆ ಸುರಿಯಿತು. ಮೊಲ ಬಿಲದ ಬಾಯಲ್ಲಿ ಕುಳಿತು ದಡವನ್ನೇ ನೋಡುತ್ತಿತ್ತು. ಎರಡು ನೆಗೆತದ ನೆಲ ಒಂದಾಯಿತು. ಒಂದು ಅರ್ಧವಾಯಿತು. ಆರನೆಯ ದಿನ ನೀರಿನ ಸದ್ದು ಥಟ್ಟನೆ ತಗ್ಗಿತು. ಹೊಳೆ ಆ ಸಪೂರ ಪಟ್ಟಿಯನ್ನು ಸೀಳಿಕೊಂಡು ನೇರವಾಗಿ ಹರಿಯತೊಡಗಿತ್ತು. ಹಳೆಯ ತಿರುವಿನಲ್ಲಿ ನೀರು ನಿಂತಿತು, ಮೆಲ್ಲಗೆ ಬತ್ತುತ್ತಾ ಬಂತು. ನರಿಯ ಹುಲ್ಲುಗಾವಲು ಈಗ ಮೊಲದ ದಡಕ್ಕೆ ಸೇರಿತ್ತು.

"ಇದು ಅನ್ಯಾಯ! ನನ್ನ ಗವಿ ಇಲ್ಲಿದೆ!" ನರಿ ಅರಚಿತು.

"ಮೂರು ಸಲ ಹೇಳಿದವನು ನೀನೇ" ಎಂದಿತು ನೀರುನಾಯಿ. "ಆಚೆ ದಡಕ್ಕೆ ಹೊರಡಪ್ಪ. ನೀರು ಸ್ವಲ್ಪ ತಣ್ಣಗಿದೆ."

ನರಿ ಈಜಿಕೊಂಡು ಹೋಯಿತು. ವಸಂತ ಬಂದಾಗ ಮೊಲಗಳು ಆ ಹುಲ್ಲುಗಾವಲಿನಲ್ಲಿ ಹೊಸ ಬಿಲಗಳನ್ನು ತೋಡಿದವು. ಒಟ್ಟು ಹದಿನಾಲ್ಕು.

ನೀತಿ: ಇನ್ನೊಬ್ಬರನ್ನು ಸಿಕ್ಕಿಸಲು ಮಾಡಿದ ನಿಯಮ, ಅದನ್ನು ಮಾಡಿದವರನ್ನೂ ಬಿಡುವುದಿಲ್ಲ.